ಲವಂಗದ ಡಬ್ಬಿ

ಒಬ್ಬರನ್ನೂ ಗುಣ ಮಾಡಲಿಲ್ಲ.
ಮೊದಲೇ ಹೇಳಿಬಿಡುತ್ತೇನೆ, ಆಮೇಲೆ ಹಾರ ತುರಾಯಿ ಬೇಡ.
ಸಿಡುಬು ಎದ್ದವರಿಗೆ ಕೊಡಲು
ನನ್ನ ಚೀಲದಲ್ಲಿ ಏನೂ ಇರಲಿಲ್ಲ.
ಇದ್ದದ್ದು ಕವಲು ತುದಿಯ ಸೂಜಿ, ಅದೂ
ಇನ್ನೂ ಹಾಸಿಗೆ ಹಿಡಿಯದವರಿಗೆ.

ಘೋರ್ ಸೀಮೆಯಲ್ಲಿ ರಸ್ತೆ
ಒಂದು ಅಕ್ರೋಟು ಮರದ ಬುಡದಲ್ಲಿ ಸತ್ತುಹೋಗುತ್ತದೆ.
ಆಚೆಗೆ ಹೇಸರಗತ್ತೆ, ಹಿಮ, ಮತ್ತೆ ಹಿಮ.
ಜೊತೆಗೆ ಲೆಕ್ಕ ಬರೆಯುವ ಇವಜ್.
ಅವನ ಒಂದು ಕಣ್ಣಿಗೆ ಸಿಡುಬು ಎಳವೆಯಲ್ಲೇ ಬೀಗ ಹಾಕಿತ್ತು;
ಉಳಿದೊಂದರಲ್ಲಿ ಅವನು
ಅಂಕಿಗಳನ್ನು ನನಗಿಂತ ದುಂಡಗೆ ಬರೆಯುತ್ತಿದ್ದ.

ಹೆಂಗಸರನ್ನು ನಾನು ನೋಡಲಿಲ್ಲ.
ಪರದೆಗೊಂದು ಸೀಳು, ಸೀಳಿನಿಂದೊಂದು ತೋಳು.
ತಂದೂರಿ ಒಲೆ ಸುಟ್ಟ ಗೀರಿನ ತೋಳು,
ನೀಲಿ ಬಳೆಯ ತೋಳು, ಹಿಟ್ಟು ಒಣಗಿದ ಉಗುರು,
ತುಂಬು ಬಸುರಿಯ ಊದಿದ ಬೆರಳು.
ಹದಿನೈದು ಚುಚ್ಚು. ರಕ್ತ ಒಂದಿಷ್ಟು ಇಣುಕಿದರೆ ಸಾಕು.
ನೀಲಿ ಬಳೆ ಮತ್ತೊಮ್ಮೆ ಹೊರಬಂತು:
"ನಾದಿನಿಗೆ ಹೆದರಿಕೆ, ಅವಳದ್ದೂ ನನಗೇ ಹಾಕಿಬಿಡಿ."
ಆ ಊರಿನ ಅರ್ಧಕ್ಕರ್ಧ ಜನ ನನಗೆ
ಭುಜದಿಂದ ಕೆಳಗೆ ಮಾತ್ರ ಪರಿಚಯ.

ಕೊನೆಯ ಹಳ್ಳಿಯಲ್ಲಿ ಹಕ್‌ದಾದ್ ಇದ್ದ.
ಅಜ್ಜನ ಕಾಲದಿಂದಲೂ ದಾಕು ಹಾಕುವ ಮನೆತನ,
ಆದರೆ ಅದು ಬೇರೆ ದಾಕು:
ಸಿಡುಬಿನ ಹಕ್ಕಳೆಯನ್ನೇ ಅರೆದು
ಮುಂಗೈ ಗೀರಿ ತುಂಬುವುದು.
ಬಹಳ ಮಂದಿ ಬದುಕುತ್ತಿದ್ದರು.
ಒಮ್ಮೊಮ್ಮೆ ಒಬ್ಬನಿಂದ ಇಡೀ ಕೇರಿಗೆ ಹತ್ತಿಕೊಳ್ಳುತ್ತಿತ್ತು.
ನನಗೆ ಬೇಕಿದ್ದದ್ದು ಅವನ ಡಬ್ಬಿ.

ಮೂರು ದಿನ ಬರೀ ಚಹಾ ಕುಡಿದೆ.
"ನೀನು ತೊಟ್ಟಿಲಲ್ಲಿದ್ದಾಗಲೇ
ಇಲ್ಲಿಯ ಹಕೀಮ ನಾನು" ಎಂದ. ತಲೆಯಾಡಿಸಿದೆ.
"ನಿನ್ನ ಸೂಜಿಯಿಂದ ಯಾರೂ ಸತ್ತಿಲ್ಲವೋ?"
ಸತ್ತಿದ್ದಾರೆ, ಅಪರೂಪಕ್ಕೆ, ಎಂದೆ.
ಒಲೆಯ ಬೂದಿ ಕೆದಕುತ್ತ ಬಹಳ ಹೊತ್ತು ಕೂತ.

ನಾಲ್ಕನೆಯ ಬೆಳಗ್ಗೆ ತಾನೇ ತಂದ.
ತಗಡಿನ ಡಬ್ಬಿ, ಮುಚ್ಚಳಕ್ಕೆ ಮೇಣ,
ಒಳಗೆ ಲವಂಗದ ನಡುವೆ
ಒಣಗಿದ ದಾಳಿಂಬೆ ಸಿಪ್ಪೆಯ ಚೂರಿನಂತೆ ಏಳೆಂಟು ಹಕ್ಕಳೆ.
ಒಂದನ್ನು ಮುಟ್ಟದೆ ತೋರಿಸಿದ:
"ಇದು ಗುಲಂದಾಮ್, ನನ್ನ ಮಗಳು.
ಅವಳು ಉಳಿಯಲಿಲ್ಲ.
ಅವಳಿಂದ ನಲವತ್ತು ಮಕ್ಕಳು ಉಳಿದವು."

ಇವಜ್ ಪೆನ್ಸಿಲು ಕೆಳಗಿಟ್ಟ.
ನಮ್ಮ ನಮೂನೆಯಲ್ಲಿ ಅದಕ್ಕೆ ಕಾಲಮ್ಮು ಇರಲಿಲ್ಲ.

ಸುಟ್ಟೆ. ಅವಳದ್ದನ್ನೂ.
ಊರಾಚೆ, ಒಣ ಸಗಣಿಯ ಬೆಂಕಿಯಲ್ಲಿ;
ಗಾಳಿ ಯಾವ ಕಡೆಗಿದೆ ಎಂದು ಎರಡು ಸಲ ನೋಡಿ.
ಹಿಂತಿರುಗಿದಾಗ ಹಕ್‌ದಾದ್ ತೋಳು ಮಡಚಿ ಕೂತಿದ್ದ.
ಮುಖದ ತುಂಬ ಹಳೆಯ ಕುಳಿ; ಅವನಿಗೆ ದಾಕು ಬೇಕಿರಲಿಲ್ಲ.
ಅದು ನನಗಿಂತ ಚೆನ್ನಾಗಿ ಅವನಿಗೇ ಗೊತ್ತಿತ್ತು.
ಹದಿನೈದು ಚುಚ್ಚಿದೆ.
ಮಾರನೆಯ ದಿನ ಕೇರಿಯ ಮಕ್ಕಳಿಗೆ ಚುಚ್ಚಿದ್ದು ಅವನು,
ಕೈ ನನ್ನದಕ್ಕಿಂತ ಹಗುರ.

ಆಮೇಲೆ ಎರಡು ಚಳಿಗಾಲ ಅದೇ ದಾರಿ ತುಳಿದೆ,
ಇಲ್ಲದ್ದನ್ನು ಹುಡುಕುತ್ತ.
ಕದ ಬಡಿದು, ಮಗುವಿನ ಚಿತ್ರ ತೋರಿಸಿ: ಇಂಥದ್ದು ಇದೆಯೇ?
ಇಲ್ಲ.
ಪಕ್ಕದ ಮನೆ: ಇಲ್ಲ.
ಡೇರೆಗಳವರು, ಕುರಿಗಾಹಿಗಳು: ಇಲ್ಲ, ಇಲ್ಲ, ನಾಯಿ ಕಟ್ಟಿಹಾಕುತ್ತೇವೆ, ಒಳಗೆ ಬಾ.

ಹಕ್‌ದಾದ್ ಪ್ರತಿಸಲವೂ ಚಹಾಕ್ಕೆ ಕರೆದ.
ಅದೇ ಡಬ್ಬಿಯಿಂದ ಒಂದು ಲವಂಗ ತೆಗೆದು ಬಟ್ಟಲಿಗೆ ಹಾಕಿದ.
ಹಳೆಯ ಲವಂಗ ಸುಟ್ಟು, ಡಬ್ಬಿಯನ್ನು
ಮೂರು ಸಲ ಕುದಿಸಿದವನು ನಾನೇ;
ಆದರೂ ಮೊದಲ ಗುಟುಕಿಗೆ ಕೈ ತಡೆಯಿತು.
ಅವನು ನೋಡುತ್ತಿದ್ದ.
ಕುಡಿದೆ.