ಬರಿಗಾಲ ಕುದರಿ

ಹಲ್ಲು ನೋಡಿ ವಯಸ್ಸು ಹೇಳ್ರಿ ಅಂದ್ರು.
ಹುಬ್ಬಳ್ಳಿಯಿಂದ ಜೀಪಿನ್ಯಾಗ ಕರಕೊಂಡು ಬಂದಿದ್ರು ನನ್ನ,
ಹಾವೇರಿ ದಾಟಿ, ವರದಾ ದಂಡಿ ಮ್ಯಾಲಿನ ಮೋರ್ಯಾರ ದಿಬ್ಬಕ್ಕ.
ಗಣೇಶಪೇಟ್ಯಾಗ ಉಳದಾವ ನಾನೊಬ್ಬನ ನಾಲಬಂದ, ದಸ್ತಗೀರ.
ಟಾಂಗಾ ಹೋದ ಮ್ಯಾಲ ಎತ್ತಿನ ಗೊರಸಿನ ಮ್ಯಾಲ ಬದುಕಿದಾವ.

ದಿಬ್ಬದ ಸುತ್ತ ಗುಂಡುಕಲ್ಲು, ಬಳಿ ತೊಡಿಸಿಧಂಗ. ನಡುವ ಕುಣಿ.
ಕುಣಿಯೊಳಗ ಹಗ್ಗ ಕಟ್ಟಿ ಚೌಕ ಮಾಡ್ಯಾರ,
ಚೌಕದಾಗ ಹೆಣ್ಣಮಕ್ಕಳು ಕುಂತು
ಹಲ್ಲುಜ್ಜೋ ಬ್ರಷ್ಷಿಲೆ ಮಣ್ಣು ಉಜ್ಜತಾರ.
ಊರ ಮಂದಿ ಬೇಲಿಗುಂಟ ನಿಂತು
ಎಷ್ಟು ಕೊಪ್ಪರಿಗಿ ಅಂತ ಕೇಳತಾರ.

ಬಂಗಾರ ಬಂದಿತ್ತು, ಸುಳ್ಳಲ್ಲ.
ಹುಣಸಿ ಎಲಿಯಷ್ಟು ತೆಳು ಬಿಲ್ಲಿ, ಹನ್ನೊಂದು,
ಸತ್ತಾತನ ಎದಿ ಇದ್ದ ಜಾಗದಾಗ.
ಅದಕ್ಕ ಇಬ್ಬರು ಪೊಲೀಸರು, ಹತ್ತಿ, ಡಬ್ಬಿ, ಮೂರು ಸಹಿ.
ಕೆಂಪು ಮಣಿ, ಕರೇ ಗಡಿಗಿ, ಮೊಳದುದ್ದ ಈಟಿ,
ಈಟಿ ತುಕ್ಕು ತಿಂದು ಸುಟ್ಟ ಬದನಿಕಾಯಿ ಆಗಿತ್ತು.
ರಾಜ ಇರಬೇಕ್ರಿ, ಅಂದ್ರು ಕೊಣ್ಣೂರ ಮೇಡಂ.
ನಾ ಏನೂ ಅನ್ನಲಿಲ್ಲ. ರಾಜರ ಹಲ್ಲು ನನಗ ಗೊತ್ತಿಲ್ಲ.

ಕುದರಿ ಅವನ ಕಾಲದೆಸಿ ಮಲಗಿತ್ತು,
ಮುಂಗಾಲು ಮಡಚಿ, ಇನ್ನೇನು ಏಳತೈತಿ ಅನ್ನೂ ಹಂಗ.
ದವಡಿ ಎತ್ತಿ ಬಿಸಲಿಗೆ ಹಿಡದೆ.
ನಮ್ಮಜ್ಜ ಹೇಳತಿದ್ದ, ಬಾಯಿ ಸುಳ್ಳು ಹೇಳತೈತಿ,
ದಲ್ಲಾಳೀದು. ಕುದರೀದಲ್ಲ.
ನಡುವಿನ ಹಲ್ಲಿನ ಕುಳಿ ಸವದು ಸಾಪಾಗಿತ್ತು,
ಮೂಲಿ ಹಲ್ಲಿನ್ಯಾಗ ಇನ್ನೂ ಕಪ್ಪು ಉಳದಿತ್ತು.
ಏಳು ತುಂಬಿತ್ರಿ, ಅಂದೆ. ಎಂಟು ಕಂಡಿಲ್ಲ.
ಹುಡುಗನೊಬ್ಬ ಬರಕೊಂಡ.

ಎಡಗಡಿ ದವಡಿಹಲ್ಲು ಕಡಿವಾಣಕ್ಕ ತೇದಿತ್ತು,
ಬಲಕ್ಕ ಅಷ್ಟಿಲ್ಲ.
ಎಡಗೈಲೆ ಎಳ್ಯಾವ, ಹತ್ತಿದಾವ.
ಬಲಗೈಯಾಗ ಈಟಿ ಇತ್ತೇನೋ.
ಸಾವಿರಾರು ವರ್ಷದ ಹಿಂದಿನ ಒಬ್ಬನ ಕೈ
ಆ ಸವಕಲಿನ್ಯಾಗ ನನ್ನ ಹೆಬ್ಬಟ್ಟಿಗೆ ಸಿಕ್ಕಿತು.
ಅವನ ಎಲುಬಿನ್ಯಾಗ ಸಿಕ್ಕಿರಲಿಲ್ಲ ಅದು ಯಾರಿಗೂ.

ಹಣಿ ಮ್ಯಾಲ ತೂತು. ಒಂದ ಪೆಟ್ಟು.
ಹೊಡದಾವನ ಕೈ ನಡಗಿಲ್ಲ,
ಇಲ್ಲಾ ನಡಗಬಾರದಂತ ಹಿಂದಿನ ರಾತ್ರಿ ಉಣದ ಕುಂತಿದ್ದ.

ಮೇಡಂ ಮೊಬೈಲಿನ್ಯಾಗ ದೂರದೇಶದ್ದೊಂದು ದಿಬ್ಬ ತೋರಿಸಿದ್ರು,
ಹುಲ್ಲಿನ ಬಯಲು, ಹಿಮ. ಶಕರು ಅಂತ.
ದೊರಿ ಸುತ್ತ ಹತ್ತು ಹದಿನೈದು ಕುದರಿ, ಬಂಗಾರದ ಜಿಂಕಿ.
ಇವರಿಗೂ ಅವರಿಗೂ ಸಂಬಂಧ ಇಲ್ಲರಿ, ಅಂದ್ರು, ಆದ್ರೂ ನೋಡ್ರಿ.
ನೋಡಿದೆ.
ಅಲ್ಲೂ ಕುದರೀನ ಯಾರೂ ಕೇಳಿರಲಿಲ್ಲ.

ಆಮ್ಯಾಲ ಗೊರಸಿನ ಎಲುಬು ಅಂಗೈ ಮ್ಯಾಲ ಇಟ್ರು.
ಹಗೂರ, ಒಣಕೊಬ್ಬರಿ ಚೂರಿನಂಗ.
ಸುತ್ತ ಮಣ್ಣಾಗ ನಾಲ ಇಲ್ಲ, ಮೊಳಿ ಇಲ್ಲ.
ಬರಿಗಾಲಿಲೆ ಎರಿಮಣ್ಣು ತುಳದಿತ್ತು ಇದು,
ಜಡಿಮಳಿಯಾಗ ಹೊಳಿ ದಾಟಿತ್ತು,
ನನ್ನ ಕಸಬು ಹುಟ್ಟೂಕಿಂತ ಮೊದಲ.
ಎಷ್ಟು ಕುದರಿಗಿ ಮೊಳಿ ಬಡದೀನಿ ನಾನು,
ಕಾಲು ತೊಡಿ ನಡುವ ಹಿಡಕೊಂಡು, ಅದರ ಉಸಿರು ನನ್ನ ಬೆನ್ನಿಗೆ.
ಇದೊಂದರ ಕಾಲು ಈಗ ಬಂತು ಕೈಗೆ. ಬಾಳ ತಡಾಗಿ.

ಚಾ ಕೊಟ್ರು. ಐನೂರು ರೂಪಾಯಿ ಕೊಟ್ಟು ಸಹಿ ತಗೊಂಡ್ರು.
ದವಡಿ ಬಿಸ್ಕಿಟ್ಟಿನ ಪೆಟಗ್ಯಾಗ ಹೋತು. ಅದಕ್ಕ ಪೊಲೀಸರಿಲ್ಲ.
ಕುಣಿಯಿಂದ ಏಳೂಮುಂದ ಅಂಗಿ ಕಿಸೆದಾಗ
ಮೊಳಿಯೊಂದು ಬೆರಳಿಗೆ ಚುಚ್ಚಿತು.
ಗೊರಸಿದ್ದ ಕಡೆ ಜಾರಿಸಿದೆ.
ಯಾಕಂತ ಕೇಳಬ್ಯಾಡ್ರಿ.

ಎರಡು ದಿನಕ್ಕ ಫೋನು.
ಜರಡಿ ಹಿಡಿಯೋ ಗುತ್ತೆವ್ವಗ ಒಂದು ಮೊಳಿ ಸಿಕ್ಕೈತಂತ.
ಇದು ಎಷ್ಟು ಹಳೇದು ದಸ್ತಗೀರಣ್ಣ, ಅಂದ್ರು ಮೇಡಂ.
ದನಿಯಾಗ ನಗಿ ಇತ್ತೋ ಸಿಟ್ಟು ಇತ್ತೋ.
ಅಂಗಳದಾಗ ಎತ್ತು ಕೆಡವಿ ಕಾಲು ಬಿಗದಿದ್ದೆ,
ಮೊಮ್ಮಗಳು ಫೋನು ಕಿವಿಗೆ ಹಿಡದಿದ್ಲು,
ನನ್ನ ಬಾಯ್ತುಂಬ ಮೊಳಿ.