ಮೂರಕ್ಷರ

ಮೊದಲು ಬಂದಾಗ ಆಕಿ ಮುದುಕಿ.
ವಾಡಿ ಜಂಕ್ಷನ್ನಿನಿಂದ ತಗಡಿನ ಡಬ್ಬಿಗಳನ್ನ
ನಾನೇ ಸೈಕಲ್ ಮ್ಯಾಲ ತಂದಿದ್ದೆ ಶಹಾಬಾದಿಗೆ,
ಸಿಮೆಂಟ್ ಕ್ಲಬ್ಬಿನ ಶನಿವಾರದ ಆಟಕ್ಕ.
ಸೊಳ್ಳೆಪರದೆಯೊಳಗ ಎರಡು ಸಲ ಕೆಮ್ಮಿ,
ಯಾರಿಗೋ ಚಹಾ ಬಗ್ಗಿಸಿಕೊಟ್ಟು,
ಮೂರನೇ ರೀಲಿಗೆ ಸತ್ತಳು.
ಯಾರೂ ಅಳಲಿಲ್ಲ. ಅದು ನಾಯಕಿಯ ಸಾವಲ್ಲ.

ಮಳಿಗಾಲದಾಗ ಇನ್ನೊಂದು ಜಪಾನಿ ಚಿತ್ರ.
ಅದೇ ಕೈ ಚಹಾ ಇಟ್ಟಿತು, ಕಿರುಬೆರಳು ತುಸು ಸೊಟ್ಟ.
"ಏ, ನಮ್ಮ ಸತ್ತಾಕಿ!" ಅಂದ
ಪ್ರೊಜೆಕ್ಟರಿನ ಕಿಂಡಿಯಿಂದ ಬಂದಗಿಸಾಬ.
ಈಗ ಆಕಿಗೆ ನಲವತ್ತು. ಮೈದುನನ ಮದುವಿಗೆ ಬಂದು
ತನ್ನ ಪಾಲಿನ ಒಂದು ಮಾತಾಡಿ ಹೋದಳು.
ಕೆಳಗಿನ ಇಂಗ್ಲಿಷ್ ಸಾಲು ಪರದೆ ದಾಟಿ
ಗೋಡೆಯ ಸುಣ್ಣದ ಮ್ಯಾಲ ಬಿದ್ದಿತ್ತು.
ಏನಂದಳೋ.

ಹಿಂಗೇ ಹಿಂದಹಿಂದಕ್ಕ ನಡೆದಳು.
ಮರುವರ್ಷ ಬಸುರಿ ಸೊಸಿ. ಆಮ್ಯಾಲ ಬಸ್ ಕಂಡಕ್ಟರ್,
ಟೊಪ್ಪಿಗಿ ಹಾಕ್ಕೊಂಡು, ಅರ್ಧ ನಿಮಿಷ.
ಕಡೀಕ ಬಂದದ್ದು ಗೀರುಗೀರಾದ ಹಳೇ ಪ್ರಿಂಟು:
ಹದಿನೇಳರ ಹುಡುಗಿ ಬಾಗಿಲು ಸರಿಸಿ
ಟ್ರೇ ಹಿಡಕೊಂಡು ಬಂದು, ಒಮ್ಮೆ
ನಮ್ಮ ಕಡೆ ನೋಡಿಬಿಟ್ಟಳು.
ನೋಡಬಾರದಿತ್ತು. ಹೊಸಬಳು.

ಹೆಸರು? ಕ್ಲಬ್ಬಿನ ಚೀಟಿಯೊಳಗ ನಾಯಕಿಯದಷ್ಟೇ.
ಮೂರನೇ ಈಯತ್ತೆ ಉರ್ದು ಓದಿದ ಬಂದಗಿಸಾಬ
ರೀಲು ಸುತ್ತೋ ಮೇಜಿನ ಮ್ಯಾಲ, ಬಲ್ಬಿಗೆ ಹಿಡಿದು,
ಪಟ್ಟಿ ಪಟ್ಟಿಯೆಲ್ಲ ನೋಟ್‌ಬುಕ್ಕಿಗೆ ಇಳಿಸಿದ್ದ,
ಅಕ್ಷರ ಅಲ್ಲ, ಗಿಡಗಂಟಿ ಬರದಂಗ.
ಮುದುಕಿಯ ಚಿತ್ರದ್ದೊಂದು ತಪ್ಪಿಹೋಗಿತ್ತು.
ಉಳಿದ ನಾಲ್ಕರಾಗೂ ಕೂಡಿ ಸಿಕ್ಕಿದ್ದು
ಕಡೀ ಸಾಲಿನ ಹತ್ತಿರ ಮೂರು ಗುರುತು.
ಖಣಿಯಾಗ ದುಡಿಯೋ ಅಳಿಯನ ಕೈಲೆ
ಒಡದ ಫರ್ಸಿಯೊಂದರ ಮ್ಯಾಲ ಕೊರಸಿದ.

ಆ ಫರ್ಸಿ ಈಗ ನಳದ ಕೆಳಗದ.
ಕೊಡ ತುಂಬಿ ಚೆಲ್ಲಿದ್ದು ಮೂರರಾಗೂ ನಿಲ್ತದ,
ಗುಬ್ಬಿ ಬಂದು ಕುಡಿತಾವ.

ಕ್ಲಬ್ಬು ಮುಚ್ಚಿದ ವರ್ಷ ಕೇಳಿದ್ದೆ:
"ಮಾಮಾ, ಇದು ದೀಪ ಹಿಡಿಯೋನ ಹೆಸರಿದ್ದರ?
ನಾಲ್ಕಕ್ಕೂ ಅಂವ ಒಬ್ಬನೇ ಇದ್ದಿರಬಹುದಲ್ಲ."
ಬಸಿಯೊಳಗ ಚಹಾ ಊದತ್ತ ಕೂತ,
ಕೆನೆಗಟ್ಟೋತನಕ.
"ಇದ್ದರ ಇರ್ಲಿ ಬಿಡೋ.
ಬೆಳಕು ಹಿಡದಾಂವ ಆಕೀನ್ನ
ನಮಕಿಂತ ಮೊದಲು ನೋಡ್ಯಾನ."