ಹದಿನೆಂಟು ನಿಮಿಷದ ಬಾವಿಗಳು

ಹನ್ನೊಂದು ಕ್ಯಾಮೆರಾಗಳ ಮುಂದೆ ಅತ್ತವಳು ನನ್ನಜ್ಜಿ ತೌಫಾ.
ಗಾಳಿಗೆ ಮಾತು ಕೇಳಿಸಲಿಲ್ಲವೆಂದು
ಇಬ್ಬರು ಮತ್ತೊಮ್ಮೆ ಅಳಿಸಿದರು.
ಯಾರೂ ಸಿನಿಮಾ ತಂದು ತೋರಿಸಲಿಲ್ಲ.

ಹನ್ನೆರಡನೆಯದು ನನ್ನದು. ಟಿಂಡೂಫಿನ ಡೇರೆಯೊಳಗೆ
ಮೂರನೇ ಲೋಟ ಚಹಾ ಬಗ್ಗಿಸುತ್ತ ಅಂದಳು:
"ಅಳು ತೀರಿಹೋಯಿತು, ಮೀನಾತು.
ಬಾವಿ ಬೇಕಾದರೆ ಕೊಡುತ್ತೇನೆ."

ಕೊಟ್ಟಳು.
ಹಾಸಿ ತಲ್ಹಾ, ಉಪ್ಪು. ಒಂಟೆಗೆ ಸಾಕು, ಕೂಸಿಗೆ ಬೇಡ.
ಹಾಸಿ ಲಗ್ರಾಬ್, ಹದಿನಾರು ಮಾರು ಹಗ್ಗ, ತಳದಲ್ಲಿ ಸಿಹಿ.
ಹೆಸರಿಲ್ಲದ್ದೊಂದು. ನಿನ್ನಮ್ಮ ಹುಟ್ಟಿದ್ದು ಅದರ ಕಟ್ಟೆಯಲ್ಲಿ.
ಮರಳಗೋಡೆಯಾಚೆ, ನೆಲಬಾಂಬುಗಳಾಚೆ
ಕಣ್ಣುಮುಚ್ಚಿ ನಡೆದಳು
ಹದಿನೆಂಟು ನಿಮಿಷ. ಒಂದೇ ಶಾಟ್.
ಮೂಗಿನ ಮೇಲೆ ನೊಣ ಕೂತಿತು, ಎದ್ದಿತು.

ಮ್ಯಾಡ್ರಿಡ್ಡಿನ ಚಿತ್ರೋತ್ಸವದವರು ಒಳ್ಳೆಯವರು.
"ನಾಲ್ಕು ಬಾವಿ ಸಾಕು" ಎಂದರು, "ನೋಡುವವರಿಗೆ ಅರ್ಥವಾಗುತ್ತದೆ."
ಯಾವುದನ್ನು ಕತ್ತರಿಸಲಿ ಎಂದು ಕೇಳಿದೆ.
ಇನ್ನೂ ಉತ್ತರ ಬಂದಿಲ್ಲ.

ಕಳೆದ ಗುರುವಾರ ರಾತ್ರಿ
ನೀರಿನ ಟ್ಯಾಂಕರಿನ ಬಿಳಿ ಮೈಯೇ ಪರದೆ.
ಹೆಂಗಸರು ಚಾಪೆಯ ಮೇಲೆ, ಹುಡುಗರು ಎಲ್ಲೆಂದರಲ್ಲಿ.
ಏಳನೇ ಬಾವಿಗೆ ಮುದುಕ ಲಹ್ಬೀಬ್ ಎದ್ದು ನಿಂತ;
ಅವನ ನೆರಳು ಅಜ್ಜಿಯ ಮುಖಕ್ಕೆ ಬಿತ್ತು.
"ಸುಳ್ಳು! ಅದಿರುವುದು ಒಣಹಳ್ಳದ ಪಡುವಣ ದಂಡೆಗೆ!"
"ನಿನ್ನಪ್ಪನಿಗೂ ದಿಕ್ಕು ತಿಳಿಯುತ್ತಿರಲಿಲ್ಲ"
ಎಂದಳು ಅಜ್ಜಿ, ಕೂತಲ್ಲಿಂದಲೇ.

ಸಿನಿಮಾ ನಿಲ್ಲಿಸಿದೆ.
ಯಾರೋ ಕೋಲು ತಂದರು, ಮರಳಲ್ಲಿ ಹಳ್ಳ ಗೀರಿದರು,
ಇನ್ನ್ಯಾರೋ ಕಾಲಲ್ಲಿ ಅಳಿಸಿದರು.
ಜನರೇಟರಿನ ಡೀಸೆಲ್ ಮುಗಿದರೂ ಜಗಳ ಮುಗಿಯಲಿಲ್ಲ.

ಕತ್ತಲಲ್ಲಿ ಬರೀ ದನಿ ಹಿಡಿದೆ.
ಅದರಲ್ಲಿ, ಎಲ್ಲರ ಕೂಗಿನ ಅಡಿಯಲ್ಲಿ,
ಈ ಮರಳಲ್ಲೇ ಹುಟ್ಟಿದ ಹುಡುಗನೊಬ್ಬ
ಎರಡು ಸಲ ಕೇಳುತ್ತಾನೆ:
"ಆದರೆ ಅದು ಸಿಹಿಯೋ, ಉಪ್ಪೋ?"